ಆನ್‌ಲೈನ್ ಸಂಗೀತ ಪಾಠದಲ್ಲಿ ಶ್ರುತಿ ಮಾಯವಾದರೆ: ಕಂಪ್ಯೂಟರಿನೊಳಗೆ ಸದ್ದಿನ ದಾರಿ ಹಿಡಿದು ದೋಷ ಹುಡುಕುವುದು

ಮೇಷ್ಟ್ರು ಮೈಸೂರಿನಲ್ಲಿ, ಶಿಷ್ಯರು ನ್ಯೂಜೆರ್ಸಿಯಲ್ಲೋ ಸಿಂಗಪುರದಲ್ಲೋ. ಪಾಠ ಝೂಮ್‌ನಲ್ಲಿ. ಇಂಥ ಪಾಠಕ್ಕೆ ಮೂರು ಸದ್ದು ಸೇರಿ ಹೋಗಬೇಕು: ಮೇಷ್ಟ್ರ ದನಿ, ಕಂಪ್ಯೂಟರಿನಲ್ಲೇ ನುಡಿಯುವ ತಂಬೂರಿ ಆ್ಯಪ್, ಆಗಾಗ ಬ್ರೌಸರಿನಲ್ಲಿ ಹಾಕುವ ಯಾವುದೋ ಕಛೇರಿಯ ತುಣುಕು. ಶಿಷ್ಯರ ದನಿ ಮೇಷ್ಟ್ರ ಕಿವಿಗೆ ಬರಬೇಕು, ಆದರೆ ತಿರುಗಿ ಶಿಷ್ಯರ ಕಡೆ ಹೋಗಬಾರದು. ಕೇಳಲು ಸರಳ, ಅಲ್ವಾ? ಆದರೂ ದಾರಿ ಒಂದೇ ಒಂದು ಕಡೆ ತಪ್ಪಿದರೆ ಪಾಠವೇ ನಿಲ್ಲುತ್ತದೆ. ಶ್ರುತಿ ಇಲ್ಲದೆ ಸರಳೆ ವರಸೆಯನ್ನೂ ಹೇಳಿಕೊಡಲು ಆಗುವುದಿಲ್ಲ.

ಇಲ್ಲಿ ಬರೆದಿರುವುದು ವಿಂಡೋಸ್ 11, ವಾಯ್ಸ್‌ಮೀಟರ್ ಬನಾನಾ, ಝೂಮ್ ಇರುವವರಿಗೆ. ವಾಯ್ಸ್‌ಮೀಟರ್ ಎಂದರೆ ಕಂಪ್ಯೂಟರಿನೊಳಗೇ ಇರುವ ಮಿಕ್ಸರ್. ವಿಬಿ-ಆಡಿಯೋ ಸಂಸ್ಥೆಯದು. ಸುಮ್ನೆ ಡೌನ್‌ಲೋಡ್ ಮಾಡಿ ಬಳಸಬಹುದು, ಇಷ್ಟವಾದರೆ ದುಡ್ಡು ಕೊಡಬಹುದು. ಹಾಕಿದ ಮೇಲೆ ಕಂಪ್ಯೂಟರನ್ನು ಒಮ್ಮೆ ರೀಸ್ಟಾರ್ಟ್ ಮಾಡಲೇಬೇಕು. ಮಾಡದಿದ್ದರೆ ಅದರ ಸಾಧನಗಳು ಪಟ್ಟಿಯಲ್ಲಿ ಸರಿಯಾಗಿ ಕಾಣದೆ ತಲೆ ಕೆಡಿಸುತ್ತವೆ.

ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ನಿಮಗೆ ಬೇಕಿರುವುದು ಆಗಾಗ ಒಂದು ವಿಡಿಯೋ ಕೇಳಿಸುವುದಷ್ಟೇ ಆದರೆ ಈ ಮಿಕ್ಸರ್ ಬೇಡ. ಝೂಮ್‌ನಲ್ಲಿ ಸ್ಕ್ರೀನ್ ಶೇರ್ ಮಾಡುವಾಗ ಶೇರ್ ಸೌಂಡ್ ಟಿಕ್ ಮಾಡಿ, ಮುಗಿಯಿತು. ದನಿ ಮತ್ತು ಶ್ರುತಿಯ ಅಳತೆಯನ್ನು ಕೈಯಲ್ಲಿ ಹಿಡಿದು ಪಾಠ ಪೂರ್ತಿ ನಡೆಸಬೇಕು, ಅದೇ ಮಿಶ್ರಣವನ್ನು ರೆಕಾರ್ಡ್ ಕೂಡ ಮಾಡಬೇಕು ಅನ್ನುವವರಿಗೆ ಮುಂದಿನದು.

ಸರಿಯಾಗಿರುವಾಗ ದಾರಿ ಹೇಗಿರುತ್ತದೆ

ದೋಷ ಹುಡುಕುವ ಮೊದಲು ದೋಷವಿಲ್ಲದ ಸ್ಥಿತಿ ಗೊತ್ತಿರಬೇಕು. ಬನಾನಾದಲ್ಲಿ ಎಡಗಡೆ ಐದು ಪಟ್ಟಿಗಳಿವೆ. ಮೊದಲ ಮೂರು ನಿಜವಾದ ಮೈಕ್‌ಗಳಿಗೆ, ಉಳಿದ ಎರಡು ಕಂಪ್ಯೂಟರಿನ ಆ್ಯಪ್‌ಗಳಿಗೆ. ಪ್ರತಿ ಪಟ್ಟಿಯಲ್ಲೂ ಎ1, ಎ2, ಎ3, ಬಿ1, ಬಿ2 ಎಂಬ ಗುಂಡಿಗಳಿವೆ. ಎ ಗುಂಡಿಗಳು ಸದ್ದನ್ನು ನಿಮ್ಮ ಹೆಡ್‌ಫೋನ್ ಅಥವಾ ಸ್ಪೀಕರ್‌ಗೆ ಕಳಿಸುತ್ತವೆ. ಬಿ ಗುಂಡಿಗಳು ಬೇರೆ ಆ್ಯಪ್‌ಗಳಿಗೆ ಕಳಿಸುತ್ತವೆ. ಆ ಆ್ಯಪ್‌ಗಳಿಗೆ ಅದು ಒಂದು ಮೈಕ್ ಥರ ಕಾಣುತ್ತದೆ.

ನಮ್ಮ ಪಾಠಕ್ಕೆ ಬೇಕಾದ ಜೋಡಣೆ ಹೀಗಿರಲಿ. ಎ1 ಸಾಧನವಾಗಿ ತಂತಿಯ ಹೆಡ್‌ಫೋನ್. ಮೊದಲ ಪಟ್ಟಿಯಲ್ಲಿ ನಿಮ್ಮ ಮೈಕ್, ಅದಕ್ಕೆ ಬಿ1 ಮಾತ್ರ. ತಂಬೂರಿ ಆ್ಯಪ್ ಮತ್ತು ಬ್ರೌಸರ್ ಎರಡೂ ವಾಯ್ಸ್‌ಮೀಟರ್ ಇನ್‌ಪುಟ್‌ಗೆ, ಆ ಪಟ್ಟಿಗೆ ಎ1 ಮತ್ತು ಬಿ1. ಝೂಮ್‌ನ ಸ್ಪೀಕರ್ ವಾಯ್ಸ್‌ಮೀಟರ್ ಆಕ್ಸ್ ಇನ್‌ಪುಟ್‌ಗೆ, ಆ ಪಟ್ಟಿಗೆ ಎ1 ಮಾತ್ರ. ಝೂಮ್‌ನ ಮೈಕ್ ಆಗಿ ವಾಯ್ಸ್‌ಮೀಟರ್ ಔಟ್ ಬಿ1. ಹಳೆಯ ಆವೃತ್ತಿಯಲ್ಲಿ ಇದನ್ನು ವಾಯ್ಸ್‌ಮೀಟರ್ ಔಟ್‌ಪುಟ್ ಎಂದು ತೋರಿಸುತ್ತದೆ.

ಹೆಸರು ನೋಡಿ ಗಲಿಬಿಲಿ ಆಗಬೇಡಿ. ವಾಯ್ಸ್‌ಮೀಟರ್ ಇನ್‌ಪುಟ್ ಎಂಬುದು ವಿಂಡೋಸ್‌ಗೆ ಒಂದು ಸ್ಪೀಕರ್, ಔಟ್ ಬಿ1 ಎಂಬುದು ಒಂದು ಮೈಕ್. ಮಿಕ್ಸರ್‌ನ ಕಡೆಯಿಂದ ನೋಡಿ ಇಟ್ಟ ಹೆಸರುಗಳು ಅವು.

ಯಾವ ಆ್ಯಪ್ ಎಲ್ಲಿಗೆ ಹೋಗಬೇಕು ಎಂಬುದನ್ನು ಸೆಟ್ಟಿಂಗ್ಸ್, ಸಿಸ್ಟಮ್, ಸೌಂಡ್, ವಾಲ್ಯೂಮ್ ಮಿಕ್ಸರ್ ಎಂಬಲ್ಲಿ ಹೇಳಬೇಕು. ಆ್ಯಪ್ ಸದ್ದು ಮಾಡದೆ ಸುಮ್ಮನಿದ್ದರೆ ಆ ಪಟ್ಟಿಯಲ್ಲಿ ಕಾಣದೆ ಇರಬಹುದು. ಮೊದಲು ತಂಬೂರಿ ಶುರು ಮಾಡಿ, ಆಮೇಲೆ ಆ ಪುಟ ತೆರೆಯಿರಿ. ಈ ಸೌಲಭ್ಯ 2018ರ ವಿಂಡೋಸ್ 10 ಆವೃತ್ತಿಯಿಂದ ಇದೆ. ಹಾಗಾಗಿ ಹಳೆಯ ಲ್ಯಾಪ್‌ಟಾಪ್ ಇದ್ದವರೂ ಇದನ್ನು ಮಾಡಬಹುದು, ಮೆನುವಿನ ಹೆಸರು ಸ್ವಲ್ಪ ಬೇರೆ ಇರುತ್ತದೆ ಅಷ್ಟೆ.

ಸೆಟ್ಟಿಂಗ್ ಮುಟ್ಟುವ ಮೊದಲು ಮೀಟರ್ ನೋಡಿ

ಸದ್ದು ಕೇಳದಿದ್ದಾಗ ಎಲ್ಲರೂ ಮಾಡುವುದು ಒಂದೇ. ಸಿಕ್ಕ ಸಿಕ್ಕ ಕಡೆ ಸಾಧನ ಬದಲಿಸುವುದು. ಐದು ನಿಮಿಷದಲ್ಲಿ ಇದ್ದ ಒಂದು ತಪ್ಪಿನ ಜೊತೆಗೆ ಮತ್ತೆ ನಾಲ್ಕು ಸೇರಿರುತ್ತವೆ. ದಯವಿಟ್ಟು ಹಾಗೆ ಮಾಡಬೇಡಿ. ಸದ್ದು ಹೊರಟ ಕಡೆಯಿಂದ ಮುಟ್ಟುವ ಕಡೆಗೆ ಒಂದೊಂದೇ ಹೆಜ್ಜೆ ಹೋಗಿ. ಪ್ರತಿ ಹೆಜ್ಜೆಯಲ್ಲೂ ಒಂದು ಮೀಟರ್ ಇದೆ. ಅದು ಎಲ್ಲಿಯವರೆಗೆ ಕುಣಿಯುತ್ತದೆ, ಎಲ್ಲಿ ನಿಲ್ಲುತ್ತದೆ ಎಂದು ನೋಡಿ. ಕುಣಿಯುವ ಕೊನೆಯ ಮೀಟರ್ ಮತ್ತು ಕುಣಿಯದ ಮೊದಲ ಮೀಟರ್, ಇವೆರಡರ ನಡುವೆ ದೋಷ ಇದೆ. ಬೇರೆಲ್ಲೂ ಇಲ್ಲ.

ತಂಬೂರಿ ನುಡಿಸಿ. ಸೌಂಡ್ ಪುಟದ ಕೆಳಗೆ ಮೋರ್ ಸೌಂಡ್ ಸೆಟ್ಟಿಂಗ್ಸ್ ಒತ್ತಿದರೆ ಹಳೆಯ ಕಿಟಕಿ ತೆರೆಯುತ್ತದೆ. ಪ್ಲೇಬ್ಯಾಕ್ ಪಟ್ಟಿಯಲ್ಲಿ ವಾಯ್ಸ್‌ಮೀಟರ್ ಇನ್‌ಪುಟ್ ಪಕ್ಕದ ಹಸಿರು ಗೆರೆ ಏಳುತ್ತಿದೆಯೇ? ಅದು ಸುಮ್ಮನಿದ್ದು ಬೇರೆ ಸಾಧನದ ಗೆರೆ ಏಳುತ್ತಿದ್ದರೆ ಆ್ಯಪ್ ತಪ್ಪು ಕಡೆ ಹೋಗುತ್ತಿದೆ. ಏಳುತ್ತಿದ್ದರೆ ವಾಯ್ಸ್‌ಮೀಟರ್‌ಗೆ ಬನ್ನಿ. ನಾಲ್ಕನೇ ಪಟ್ಟಿಯ, ಅಂದರೆ ವಾಯ್ಸ್‌ಮೀಟರ್ ಇನ್‌ಪುಟ್‌ನ, ಮೀಟರ್ ನೋಡಿ, ಆಮೇಲೆ ಬಲಗಡೆ ಬಿ1 ಮೀಟರ್ ನೋಡಿ. ಪಟ್ಟಿ ಕುಣಿದು ಬಿ1 ಸುಮ್ಮನಿದ್ದರೆ ಗುಂಡಿ ಒತ್ತಿಲ್ಲ, ಇಲ್ಲವೇ ಯಾವುದೋ ಮ್ಯೂಟ್ ಆಗಿದೆ. ಬಿ1 ಕೂಡ ಕುಣಿಯುತ್ತಿದ್ದರೆ ವಿಂಡೋಸ್‌ನ ಸೌಂಡ್ ರೆಕಾರ್ಡರ್ ತೆರೆದು, ಮೈಕ್ ಆಗಿ ಬಿ1 ಆರಿಸಿ, ಅರ್ಧ ನಿಮಿಷ ರೆಕಾರ್ಡ್ ಮಾಡಿ ಕೇಳಿ.

ಈ ಅರ್ಧ ನಿಮಿಷದ ರೆಕಾರ್ಡಿಂಗ್ ತುಂಬಾ ಬೆಲೆಯುಳ್ಳದ್ದು. ಅದರಲ್ಲಿ ದನಿ, ಶ್ರುತಿ ಎರಡೂ ಚೆನ್ನಾಗಿದ್ದರೆ ನಿಮ್ಮ ಕಂಪ್ಯೂಟರಿನೊಳಗಿನ ದಾರಿ ಸರಿ ಇದೆ. ತೊಂದರೆ ಝೂಮ್‌ನದು ಅಥವಾ ಇಂಟರ್ನೆಟ್ಟಿನದು. ಅದರಲ್ಲೇ ಕೆಟ್ಟಿದ್ದರೆ ಝೂಮ್ ಸೆಟ್ಟಿಂಗ್ ಎಷ್ಟು ತಿರುಗಿಸಿದರೂ ಸರಿಹೋಗುವುದಿಲ್ಲ.

ಶಿಷ್ಯರನ್ನು ಕಾಯಿಸಿ ಪರೀಕ್ಷೆ ಮಾಡುವುದು ಬೇಡ. ನಿಮ್ಮ ಫೋನಿನಿಂದಲೇ ಅದೇ ಮೀಟಿಂಗ್‌ಗೆ ಸೇರಿ, ಫೋನನ್ನು ಮನೆಯವರಿಗೆ ಕೊಟ್ಟು ಬೇರೆ ಕೋಣೆಗೆ ಕಳಿಸಿ. ಒಂದೇ ಕೋಣೆಯಲ್ಲಿಟ್ಟರೆ ಕೂಗು ಏಳುತ್ತದೆ.

ಏನೂ ಹೋಗುತ್ತಿಲ್ಲ

ಪೂರ್ತಿ ನಿಶ್ಶಬ್ದವಾದರೆ ಹುಡುಕುವುದು ಸುಲಭ. ಬಹಳ ಸಲ ವಾಯ್ಸ್‌ಮೀಟರ್ ಓಡುತ್ತಲೇ ಇರುವುದಿಲ್ಲ. ಅದನ್ನು ಮುಚ್ಚಿದರೆ ಸಾಧನಗಳ ಹೆಸರು ಪಟ್ಟಿಯಲ್ಲಿ ಉಳಿಯುತ್ತದೆ, ಸದ್ದು ಮಾತ್ರ ದಾಟುವುದಿಲ್ಲ. ಬ್ರೌಸರಿನ ವಿಡಿಯೋ ಕೂಡ ಮುಂದೆ ಸಾಗದೆ ನಿಲ್ಲಬಹುದು. ಅದರ ಮೆನುವಿನಲ್ಲಿ ವಿಂಡೋಸ್ ಜೊತೆಗೇ ಶುರುವಾಗುವ ಆಯ್ಕೆ ಇದೆ, ಹಾಕಿಡಿ.

ಹೆಡ್‌ಫೋನ್ ಕಿತ್ತು ಮತ್ತೆ ಚುಚ್ಚಿದ ಮೇಲೆ ಎಲ್ಲ ನಿಂತರೆ ಮೆನುವಿನಲ್ಲಿ ರೀಸ್ಟಾರ್ಟ್ ಆಡಿಯೋ ಎಂಜಿನ್ ಒತ್ತಿ. ಎ1 ಸಾಧನದ ಗಡಿಯಾರವೇ ಇಡೀ ಮಿಕ್ಸರ್‌ನ ತಾಳ ಹಿಡಿಯುವುದು. ಅದು ಮಾಯವಾದರೆ ಉಳಿದದ್ದೂ ಕೆಡುತ್ತದೆ.

ಬಿ1 ಮೀಟರ್ ಕುಣಿಯುತ್ತಿದೆ, ಝೂಮ್‌ಗೆ ಮಾತ್ರ ಏನೂ ಬರುತ್ತಿಲ್ಲ ಎಂದಾದರೆ ಎರಡು ಕಡೆ ನೋಡಿ. ಝೂಮ್‌ನಲ್ಲಿ ಮೈಕ್ ಆಗಿ ಸೇಮ್ ಆ್ಯಸ್ ಸಿಸ್ಟಮ್ ಎಂದು ಬಿಟ್ಟಿದ್ದೀರೇ? ಬಿಡಬೇಡಿ, ಬಿ1 ಹೆಸರನ್ನೇ ಆರಿಸಿ. ಇನ್ನೊಂದು, ವಿಂಡೋಸ್ ಸೆಟ್ಟಿಂಗ್ಸ್‌ನ ಪ್ರೈವೆಸಿ ಪುಟದಲ್ಲಿ ಮೈಕ್ರೋಫೋನ್ ಅನುಮತಿ. ಡೆಸ್ಕ್‌ಟಾಪ್ ಆ್ಯಪ್‌ಗಳಿಗೆ ಮೈಕ್ ಬಳಸಲು ಬಿಡುವ ಗುಂಡಿ ಆಫ್ ಆಗಿದ್ದರೆ ಝೂಮ್‌ಗೆ ನಿಶ್ಶಬ್ದವೇ ಸಿಗುವುದು. ಬಿ1 ನಿಜವಾದ ಮೈಕ್ ಅಲ್ಲವಲ್ಲ, ಅದಕ್ಕೇಕೆ ಅನುಮತಿ ಎಂದು ಅನ್ನಿಸಬಹುದು. ವಿಂಡೋಸ್‌ಗೆ ಅದೂ ಮೈಕೇ.

ಶ್ರುತಿ ಬಂದು ಬಂದು ಮಾಯವಾಗುತ್ತಿದೆ

ಜಾಸ್ತಿ ಜನರನ್ನು ಕಾಡುವುದು ಇದೇ. ಮೇಷ್ಟ್ರ ಕಿವಿಯಲ್ಲಿ ತಂಬೂರಿ ಚೆನ್ನಾಗಿ ನುಡಿಯುತ್ತಿರುತ್ತದೆ. ಶಿಷ್ಯರಿಗೆ ಎರಡು ಕ್ಷಣ ಕೇಳಿ, ಕರಗಿ, ಮತ್ತೆ ಚೂರು ಚೂರಾಗಿ ಬರುತ್ತದೆ. ಇದಕ್ಕೆ ಮೂರು ಬೇರೆ ಬೇರೆ ಕಾರಣಗಳಿವೆ. ಯಾವುದೆಂದು ತಿಳಿಯದೆ ಮದ್ದು ಹಾಕಬಾರದು. ಶ್ರುತಿ ಯಾವಾಗ ಇಳಿಯುತ್ತದೆ ಎಂಬುದನ್ನು ಗಮನವಿಟ್ಟು ಕೇಳಿದರೆ ಕಾರಣ ತಾನೇ ಗೊತ್ತಾಗುತ್ತದೆ.

ಯಾರೂ ಹಾಡದಿದ್ದಾಗಲೂ ಶ್ರುತಿ ತಾನಾಗಿಯೇ ಕರಗುತ್ತಿದ್ದರೆ ಅದು ಝೂಮ್‌ನ ಗದ್ದಲ ತಗ್ಗಿಸುವ ಏರ್ಪಾಡು. ಫ್ಯಾನು, ಎಸಿಯಂಥ ಒಂದೇ ಸಮನೆ ಬರುವ ಸದ್ದನ್ನು ಅದು ಗದ್ದಲ ಎಂದು ತೀರ್ಮಾನಿಸಿ ಕಿತ್ತುಹಾಕುತ್ತದೆ. ಮಾತಿನ ಏರಿಳಿತವನ್ನು ಮಾತ್ರ ಉಳಿಸುತ್ತದೆ. ತಂಬೂರಿಯ ಗುಣವೇ ಒಂದೇ ಸಮನೆ ನುಡಿಯುವುದು. ಹಾಗಾಗಿ ಝೂಮ್ ಅದನ್ನೂ ಫ್ಯಾನಿನ ಸದ್ದಿನ ಜೊತೆಗೇ ಸೇರಿಸಿಬಿಡುತ್ತದೆ. ಮೇಷ್ಟ್ರು ಹಿಡಿದ ದೀರ್ಘ ಷಡ್ಜವೂ ಕೆಲವೊಮ್ಮೆ ನಡುವೆ ಸವೆಯುವುದು ಇದೇ ಕಾರಣಕ್ಕೆ. ಝೂಮ್‌ನ ಆಡಿಯೋ ಸೆಟ್ಟಿಂಗ್ಸ್‌ನಲ್ಲಿ ಒರಿಜಿನಲ್ ಸೌಂಡ್ ಫಾರ್ ಮ್ಯುಸಿಶಿಯನ್ಸ್ ಎಂಬುದಿದೆ. ಅದನ್ನು ಆರಿಸಿ. ಜೊತೆಗೆ ಹೈ ಫಿಡೆಲಿಟಿ ಮ್ಯೂಸಿಕ್ ಮೋಡ್ ಕೂಡ ಆರಿಸಿ. ಇಷ್ಟಕ್ಕೇ ಮುಗಿಯಲಿಲ್ಲ. ಮೀಟಿಂಗ್ ಒಳಗೆ ಮೇಲ್ಭಾಗದಲ್ಲಿ ಅದೇ ಹೆಸರಿನ ಗುಂಡಿ ಬರುತ್ತದೆ. ಅದು ಆನ್ ಎಂದು ತೋರಿಸುತ್ತಿದೆಯೇ ಎಂದು ಪ್ರತಿ ಪಾಠದಲ್ಲೂ ನೋಡಿ.

ಶಿಷ್ಯ ಬಾಯಿ ತೆರೆದ ಕೂಡಲೇ ಶ್ರುತಿ ಇಳಿಯುತ್ತಿದ್ದರೆ ಅದು ಪ್ರತಿಧ್ವನಿ ತಡೆಯುವ ಏರ್ಪಾಡು. ಆ ಕಡೆಯಿಂದ ಸದ್ದು ಬರುವಾಗ ಈ ಕಡೆಯ ಮೈಕ್‌ನಲ್ಲಿ ಅದೇ ಸದ್ದು ತಿರುಗಿ ಬರಬಹುದೆಂದು ಝೂಮ್ ಈ ಕಡೆಯದನ್ನು ಅದುಮುತ್ತದೆ. ಮಾತುಕತೆಗೆ ಅದು ಸರಿ. ಪಾಠಕ್ಕೆ ಅಲ್ಲ. ಶಿಷ್ಯನಿಗೆ ಶ್ರುತಿ ಬೇಕಾಗುವುದೇ ಅವನು ಹಾಡುವಾಗ! ಒರಿಜಿನಲ್ ಸೌಂಡ್‌ನ ಕೆಳಗೇ ಎಕೋ ಕ್ಯಾನ್ಸಲೇಶನ್ ಎಂಬ ಟಿಕ್ ಇದೆ, ತೆಗೆಯಿರಿ. ಆದರೆ ಅದನ್ನು ತೆಗೆದ ಮೇಲೆ ಹೆಡ್‌ಫೋನ್ ಹಾಕಲೇಬೇಕು. ಸ್ಪೀಕರ್‌ನಲ್ಲಿ ಕೇಳಿದರೆ ಶಿಷ್ಯನ ದನಿ ನಿಮ್ಮ ಮೈಕ್ ಮೂಲಕ ಅವನಿಗೇ ವಾಪಸ್ ಹೋಗುತ್ತದೆ.

ಮೂರನೆಯದು ವಿಂಡೋಸ್‌ನದೇ. ಕಾಲ್ ಶುರುವಾದ ಕೂಡಲೇ ನಿಮ್ಮ ಕಿವಿಯಲ್ಲೂ ಶ್ರುತಿ ಕುಗ್ಗಿತೇ? ಬಿ1 ಮೀಟರ್ ಕೂಡ ಇಳಿಯಿತೇ? ಹಾಗಾದರೆ ಹಳೆಯ ಸೌಂಡ್ ಕಿಟಕಿಯಲ್ಲಿ ಕಮ್ಯೂನಿಕೇಶನ್ಸ್ ಎಂಬ ಕೊನೆಯ ಪುಟ ತೆರೆಯಿರಿ. ಕಾಲ್ ಬಂದಾಗ ಉಳಿದ ಸದ್ದುಗಳನ್ನು ಶೇಕಡ 80ರಷ್ಟು ತಗ್ಗಿಸು ಎಂಬ ಆಯ್ಕೆ ಅಲ್ಲಿ ಮೊದಲಿನಿಂದಲೇ ಇರುತ್ತದೆ. ಅದನ್ನು ಡೂ ನಥಿಂಗ್‌ಗೆ ಬದಲಿಸಿ.

ಅಂದರೆ ಗುರುತು ಸುಲಭ. ಬಿ1 ಮೀಟರ್ ಇಳಿದರೆ ವಿಂಡೋಸ್ ಕಡೆ ನೋಡಿ. ಬಿ1 ನೇರವಾಗಿ ನಿಂತಿದ್ದು ಶಿಷ್ಯರಿಗೆ ಮಾತ್ರ ಇಳಿದರೆ ಝೂಮ್ ಕಡೆ ನೋಡಿ.

ಶಿಷ್ಯರಿಗೆ ಅವರದೇ ದನಿ ತಿರುಗಿ ಕೇಳುತ್ತಿದೆ

ನೀವು ಹೆಡ್‌ಫೋನ್ ಹಾಕಿದ್ದೀರಿ, ಆದರೂ ಅವರ ದನಿ ಅರ್ಧ ಸೆಕೆಂಡು ತಡವಾಗಿ ಅವರಿಗೇ ಬರುತ್ತಿದೆ. ಹಾಗಿದ್ದರೆ ಅದು ಗಾಳಿಯಲ್ಲಿ ಬಂದದ್ದಲ್ಲ, ಮಿಕ್ಸರ್‌ನೊಳಗೇ ತಿರುಗಿದ್ದು. ಶಿಷ್ಯರನ್ನು ಮಾತಾಡಿಸಿ, ನೀವು ಸುಮ್ಮನಿದ್ದು ಬಿ1 ಮೀಟರ್ ನೋಡಿ. ಅವರು ಮಾತಾಡಿದಾಗ ಅದು ಕುಣಿದರೆ ಅವರ ದನಿ ಬಿ1ಗೆ ಸೇರುತ್ತಿದೆ. ಆಕ್ಸ್ ಪಟ್ಟಿಯಲ್ಲಿ ಬಿ1 ಒತ್ತಿರಬಹುದು. ಅಥವಾ ಝೂಮ್‌ನ ಸ್ಪೀಕರ್ ಆಕ್ಸ್‌ಗೆ ಹೋಗದೆ ತಂಬೂರಿಯ ಪಟ್ಟಿಗೇ ಹೋಗುತ್ತಿರಬಹುದು.

ರೇಡಿಯೋ ಪ್ರಸಾರದವರು ಇದಕ್ಕೆ ಮಿಕ್ಸ್ ಮೈನಸ್ ಎನ್ನುತ್ತಾರೆ. ಫೋನಿನಲ್ಲಿ ಮಾತಾಡುವ ಅತಿಥಿಗೆ ಎಲ್ಲರ ದನಿ ಕಳಿಸಬೇಕು, ಅವರದೊಂದನ್ನು ಬಿಟ್ಟು. ಬನಾನಾದಲ್ಲಿ ಆ್ಯಪ್‌ಗಳಿಗೆ ಎರಡು ಪಟ್ಟಿ ಇರುವುದರಿಂದಲೇ ಇದು ಸಾಧ್ಯ. ಸಾದಾ ವಾಯ್ಸ್‌ಮೀಟರ್‌ನಲ್ಲಿ ಒಂದೇ ಇದೆ. ಹಾಗಾಗಿ ಪಾಠಕ್ಕೆ ನಾನು ಬನಾನಾವನ್ನೇ ಹೇಳುತ್ತೇನೆ.

ಝೂಮ್ ಬದಲು ಗೂಗಲ್ ಮೀಟ್ ಬಳಸುವವರಿಗೆ ಇಲ್ಲೊಂದು ಸಿಕ್ಕು ಇದೆ. ಮೀಟ್ ಕ್ರೋಮ್‌ನ ಒಂದು ಟ್ಯಾಬ್‌ನಲ್ಲಿ, ಕಛೇರಿಯ ವಿಡಿಯೋ ಇನ್ನೊಂದು ಟ್ಯಾಬ್‌ನಲ್ಲಿ. ವಿಂಡೋಸ್‌ನ ವಾಲ್ಯೂಮ್ ಮಿಕ್ಸರ್‌ಗೆ ಕ್ರೋಮ್ ಎಂದರೆ ಒಂದೇ ಆ್ಯಪ್. ಟ್ಯಾಬ್‌ಗಳನ್ನು ಅದು ಬೇರೆ ಮಾಡುವುದಿಲ್ಲ. ಶಿಷ್ಯರ ದನಿಯೂ ವಿಡಿಯೋ ಸದ್ದೂ ಒಂದೇ ಪಟ್ಟಿಗೆ ಬಂದು ಬೀಳುತ್ತವೆ. ಮೀಟ್‌ನ ಸ್ವಂತ ಆಡಿಯೋ ಸೆಟ್ಟಿಂಗ್‌ನಲ್ಲಿ ಸ್ಪೀಕರ್ ಆಗಿ ಆಕ್ಸ್ ಇನ್‌ಪುಟ್ ಆರಿಸಬಹುದು. ಇನ್ನೂ ನೆಮ್ಮದಿ ಬೇಕೆಂದರೆ ವಿಡಿಯೋವನ್ನು ಫೈರ್‌ಫಾಕ್ಸ್‌ನಲ್ಲಿ ಹಾಕಿ. ಎರಡು ಬ್ರೌಸರ್, ಎರಡು ದಾರಿ.

ತಂಬೂರಿ ಟೊಳ್ಳಾಗಿ, ಡಬ್ಬದೊಳಗಿಂದ ಬಂದ ಹಾಗೆ ಕೇಳುತ್ತಿದೆ

ಇದು ಒಂದೇ ಸದ್ದು ಎರಡು ದಾರಿಯಲ್ಲಿ ಬಂದಾಗ ಆಗುವುದು. ಎರಡು ಪ್ರತಿಗಳ ನಡುವೆ 5 ಮಿಲಿಸೆಕೆಂಡ್ ಅಂತರವಿದ್ದರೆ 100, 300, 500 ಹರ್ಟ್ಜ್, ಹೀಗೆ ಸಾಲಾಗಿ ಕಂಪನಗಳು ಒಂದನ್ನೊಂದು ಹೊಡೆದುಹಾಕುತ್ತವೆ. ತಂಬೂರಿಯ ಜೀವ ಇರುವುದೇ ಅದರ ಮೇಲಿನ ಸ್ವರಾಂಶಗಳಲ್ಲಿ. ಹಾಗಾಗಿ ಮಾತಿಗಿಂತ ಮೊದಲು ತಂಬೂರಿಯೇ ಈ ಏಟು ತಿನ್ನುತ್ತದೆ.

ಎರಡನೇ ದಾರಿ ಎಲ್ಲಿದೆ? ಮೈಕ್ ಪಟ್ಟಿಯನ್ನು ಮ್ಯೂಟ್ ಮಾಡಿ. ಶ್ರುತಿ ತಿಳಿಯಾದರೆ ಅದು ಸ್ಪೀಕರ್‌ನಿಂದ ಗಾಳಿಯಲ್ಲಿ ಬಂದು ಮೈಕ್‌ಗೂ ಬೀಳುತ್ತಿತ್ತು. ಹೆಡ್‌ಫೋನ್ ಹಾಕಿದರೆ ಸಾಕು. ಮ್ಯೂಟ್ ಮಾಡಿದರೂ ಹಾಗೇ ಇದ್ದರೆ, ಬಿ1 ಜೊತೆಗೆ ಝೂಮ್‌ನ ಶೇರ್ ಸೌಂಡ್ ಕೂಡ ಆನ್ ಆಗಿದೆಯೇ ನೋಡಿ. ಎರಡೂ ಒಟ್ಟಿಗೆ ಇರಬಾರದು. ಹಿಂದೆ ಯಾವಾಗಲೋ ರೆಕಾರ್ಡಿಂಗ್ ಸಾಧನದ ಲಿಸನ್ ಪುಟದಲ್ಲಿ ಲಿಸನ್ ಟು ದಿಸ್ ಡಿವೈಸ್ ಟಿಕ್ ಮಾಡಿ ಮರೆತಿರುವುದೂ ಉಂಟು. ವಾಯ್ಸ್‌ಮೀಟರ್ ಬಳಸುವಾಗ ಆ ಟಿಕ್ ಬೇಡ.

ನಿಮ್ಮ ದನಿಯೇ ನಿಮಗೆ ತಡವಾಗಿ ಕೇಳುತ್ತಿದ್ದರೆ ಮೈಕ್ ಪಟ್ಟಿಯಲ್ಲಿ ಎ1 ಆಫ್ ಮಾಡಿ. ಅಷ್ಟೇ.

ಚಟಪಟ ಸದ್ದು, ಶ್ರುತಿ ಬದಲಾಗುವುದು

ಮೊದಲು ಎಲ್ಲ ಕಡೆ ಒಂದೇ ದರ ಇಡಿ. ದರ ಎಂದರೆ ಸದ್ದನ್ನು ಸೆಕೆಂಡಿಗೆ ಎಷ್ಟು ಸಲ ಅಳೆಯುತ್ತದೆ ಎಂಬುದು. ಹಾಗೆ ಅಳೆದ ಒಂದೊಂದೂ ಒಂದು ಮಾದರಿ. ಹಳೆಯ ಸೌಂಡ್ ಕಿಟಕಿಯಲ್ಲಿ ಪ್ರತಿ ಸಾಧನದ ಪ್ರಾಪರ್ಟೀಸ್, ಅಡ್ವಾನ್ಸ್ಡ್ ಪುಟಕ್ಕೆ ಹೋಗಿ 48000 ಹರ್ಟ್ಜ್ ಮಾಡಿ. ಮೈಕ್, ಹೆಡ್‌ಫೋನ್, ವಾಯ್ಸ್‌ಮೀಟರ್‌ನ ಸಾಧನಗಳು, ಎಲ್ಲವೂ. ಒಂದು 44100, ಇನ್ನೊಂದು 48000 ಇದ್ದರೆ ನಡುವೆ ಲೆಕ್ಕ ಹಾಕಿ ಬದಲಿಸುವ ಕೆಲಸ ಸಾಮಾನ್ಯವಾಗಿ ವಿಂಡೋಸ್ ಮಾಡುತ್ತದೆ. ಯಾವುದಾದರೂ ಡ್ರೈವರ್ ತನ್ನ ದರವನ್ನು ತಪ್ಪಾಗಿ ಹೇಳಿದರೆ ಮಾತ್ರ ಸ್ವರವೇ ಜಾರುತ್ತದೆ. 44100ರ ಸದ್ದನ್ನು 48000 ಎಂದುಕೊಂಡು ನುಡಿಸಿದರೆ ಸುಮಾರು ಒಂದೂವರೆ ಸ್ವರಸ್ಥಾನ ಮೇಲೇರುತ್ತದೆ. ಸಿ ಶ್ರುತಿ ಸಿ ಶಾರ್ಪ್ ದಾಟಿ ಡಿ ಕಡೆ ವಾಲುತ್ತದೆ. ಆ ಒಂದೂವರೆಯ ಅಂತರ ಕಿವಿಗೆ ಬಿದ್ದರೆ ಬೇರೆ ಕಾರಣ ಹುಡುಕುವುದೇ ಬೇಡ.

ದರ ಸರಿಯಿದ್ದೂ ಚಟಪಟ ಇದ್ದರೆ ವಾಯ್ಸ್‌ಮೀಟರ್‌ನ ಸಿಸ್ಟಮ್ ಸೆಟ್ಟಿಂಗ್ಸ್‌ನಲ್ಲಿ ಬಫರ್, ಅಂದರೆ ಸದ್ದನ್ನು ಮುಂದೆ ಕಳಿಸುವ ಮೊದಲು ಕೂಡಿಡುವ ಜಾಗ, ಹೆಚ್ಚಿಸಿ. 512 ಮಾದರಿಗಳೆಂದರೆ 48000ದಲ್ಲಿ 10.7 ಮಿಲಿಸೆಕೆಂಡ್, 1024 ಎಂದರೆ 21.3. ಹೇಗೂ ಇಂಟರ್ನೆಟ್ಟಿನಲ್ಲಿ ನೂರಾರು ಮಿಲಿಸೆಕೆಂಡ್ ತಡ ಇರುತ್ತದೆ. ಇನ್ನೊಂದು 10 ಸೇರಿದರೆ ಪಾಠಕ್ಕೆ ಏನೂ ಆಗುವುದಿಲ್ಲ. ಲ್ಯಾಪ್‌ಟಾಪನ್ನು ಚಾರ್ಜರ್‌ಗೆ ಹಾಕಿ, ಬ್ಯಾಟರಿ ಉಳಿಸುವ ಮೋಡ್ ತೆಗೆಯಿರಿ.

ಪಾಠ ಶುರುವಾದಾಗ ಚೆನ್ನಾಗಿದ್ದು ಆಗಾಗ ಒಂದು ಚಟ್ ಎಂಬ ಸದ್ದು ಬಂದರೆ ಅದು ಬೇರೆ ಕಥೆ. ಯುಎಸ್‌ಬಿ ಮೈಕ್‌ಗೆ ಒಂದು ಗಡಿಯಾರ, ಹೆಡ್‌ಫೋನ್ ಜ್ಯಾಕ್‌ಗೆ ಇನ್ನೊಂದು. ಎರಡೂ 48000 ಎನ್ನುತ್ತವೆ, ಆದರೆ ಕೂದಲೆಳೆಯಷ್ಟು ವ್ಯತ್ಯಾಸ ಇದ್ದೇ ಇರುತ್ತದೆ. ಹತ್ತು ಲಕ್ಷಕ್ಕೆ 50ರಷ್ಟು ವ್ಯತ್ಯಾಸ ಎಂದುಕೊಂಡರೂ ಒಂದು ಗಂಟೆಯಲ್ಲಿ 8640 ಮಾದರಿಗಳು ಹೆಚ್ಚು ಕಡಿಮೆ ಆಗುತ್ತವೆ. ಮಿಕ್ಸರ್ ಅದನ್ನು ಸರಿದೂಗಿಸುತ್ತಾ ಹೋಗಬೇಕು, ಅದು ಎಡವಿದ ಕಡೆ ಚಟ್. ನಿಮ್ಮ ಯುಎಸ್‌ಬಿ ಮೈಕ್‌ನಲ್ಲೇ ಹೆಡ್‌ಫೋನ್ ತೂತು ಇದ್ದರೆ ಅದಕ್ಕೇ ಚುಚ್ಚಿ, ಎ1 ಆಗಿ ಅದನ್ನೇ ಆರಿಸಿ. ಮೈಕ್ ಮತ್ತು ಕಿವಿ ಎರಡಕ್ಕೂ ಆಗ ಒಂದೇ ಗಡಿಯಾರ.

ಬ್ಲೂಟೂತ್

ಬ್ಲೂಟೂತ್ ಹೆಡ್‌ಸೆಟ್ ಪಾಠಕ್ಕೆ ಬೇಡ. ಅದರ ಮೈಕನ್ನು ಯಾವುದಾದರೂ ಆ್ಯಪ್ ತೆರೆದ ಕೂಡಲೇ ಸಾಮಾನ್ಯ ಹೆಡ್‌ಸೆಟ್‌ಗಳು ಫೋನ್ ಕರೆಯ ಮೋಡ್‌ಗೆ ಇಳಿಯುತ್ತವೆ. ಅಲ್ಲಿ ದರ 8000 ಅಥವಾ 16000 ಹರ್ಟ್ಜ್, ಅದೂ ಮೋನೋ. 8000ದಲ್ಲಿ 4000 ಹರ್ಟ್ಜ್‌ಗಿಂತ ಮೇಲಿನದು ಏನೂ ಉಳಿಯುವುದಿಲ್ಲ. ತಂಬೂರಿ ಸತ್ತ ಹಾಗೆ ಕೇಳುತ್ತದೆ. ಬೇರೆ ದಾರಿಯಿಲ್ಲದಿದ್ದರೆ ಹೆಡ್‌ಸೆಟ್‌ನ ಮೈಕ್ ಬಿಟ್ಟು ಲ್ಯಾಪ್‌ಟಾಪಿನ ಮೈಕನ್ನಾದರೂ ಮೊದಲ ಪಟ್ಟಿಗೆ ಹಾಕಿ.

ಅಳತೆ

ದನಿ ಮತ್ತು ಶ್ರುತಿ ಬೇರೆ ಬೇರೆಯಾಗಿ ಚೆನ್ನಾಗಿದ್ದು, ಸೇರಿದಾಗ ಒಡೆದ ಹಾಗೆ ಕೇಳಿದರೆ ಬಿ1 ಮೀಟರ್ ಕೆಂಪಿಗೆ ಹೋಗುತ್ತಿದೆ ಎಂದರ್ಥ. ಎರಡು ಸಮನಾದ ಸದ್ದುಗಳ ತುದಿಗಳು ಒಂದರ ಮೇಲೊಂದು ಬಿದ್ದಾಗ 6 ಡೆಸಿಬೆಲ್‌ವರೆಗೆ ಏರುತ್ತದೆ. ನಾನು ಮೈಕನ್ನು ಜೋರಾಗಿ ಹಾಡಿದಾಗ ಮೈನಸ್ 10ರ ಆಸುಪಾಸಿನಲ್ಲಿ ನಿಲ್ಲಿಸಿ, ತಂಬೂರಿಯನ್ನು ಅದಕ್ಕಿಂತ 12ರಿಂದ 15 ಡೆಸಿಬೆಲ್ ಕೆಳಗೆ ಇಡುತ್ತೇನೆ. ಶ್ರುತಿ ದನಿಯ ಹಿಂದೆ ಇರಬೇಕು, ಮುಂದೆ ಅಲ್ಲ. ಝೂಮ್‌ನಲ್ಲಿ ಮೈಕ್ ಅಳತೆಯನ್ನು ತಾನೇ ಹೊಂದಿಸುವ ಟಿಕ್ ತೆಗೆಯಿರಿ. ಇಲ್ಲದಿದ್ದರೆ ನೀವು ಹಾಡು ನಿಲ್ಲಿಸಿದಾಗ ತಂಬೂರಿ ನಿಧಾನಕ್ಕೆ ಉಬ್ಬುತ್ತದೆ.

ಮ್ಯಾಕ್, ಲಿನಕ್ಸ್ ಇರುವವರು

ಹುಡುಕುವ ಬಗೆ ಅದೇ, ಸಾಮಾನು ಬೇರೆ. ಮ್ಯಾಕ್‌ನಲ್ಲಿ ಬ್ಲ್ಯಾಕ್‌ಹೋಲ್ ಎಂಬ ಉಚಿತ ಸಾಧನ ಹಾಕಿಕೊಂಡು, ಆಡಿಯೋ ಮಿಡಿ ಸೆಟಪ್‌ನಲ್ಲಿ ಜೋಡಿಸಬೇಕು. ಅಲ್ಲಿ ಹಲವು ಸಾಧನ ಸೇರಿಸಿ ಒಂದು ಒಟ್ಟು ಸಾಧನ ಮಾಡುವಾಗ ಡ್ರಿಫ್ಟ್ ಕರೆಕ್ಷನ್ ಟಿಕ್ ಮರೆಯಬೇಡಿ. ಮೇಲೆ ಹೇಳಿದ ಎರಡು ಗಡಿಯಾರದ ತೊಂದರೆಗೆ ಮದ್ದು ಅದು. ಲಿನಕ್ಸ್‌ನಲ್ಲಿ ಸದ್ದಿನ ದಾರಿ ನೋಡಿಕೊಳ್ಳುವ ಪೈಪ್‌ವೈರ್ ಇದೆ. ಫೆಡೋರಾ ಎಂಬ ಲಿನಕ್ಸ್‌ನಲ್ಲಿ 2021ರ 34ನೇ ಆವೃತ್ತಿಯಿಂದ ಅದೇ ಮೊದಲಿನ ಆಯ್ಕೆಯಾಯಿತು. ಕ್ಯೂಪಿಡಬ್ಲ್ಯೂಗ್ರಾಫ್ ಎಂಬ ಆ್ಯಪ್ ತೆರೆದರೆ ಪ್ರತಿ ದಾರಿಯೂ ತಂತಿಯಾಗಿ ಕಣ್ಣಿಗೇ ಕಾಣುತ್ತದೆ. ಎಳೆದು ಜೋಡಿಸಬಹುದು, ಕಿತ್ತುಹಾಕಬಹುದು. ಈ ಒಂದು ವಿಷಯದಲ್ಲಿ ವಿಂಡೋಸ್‌ಗಿಂತ ಅದು ಎಷ್ಟೋ ಚೆನ್ನಾಗಿದೆ.

ಎಲ್ಲ ಸರಿಹೋದ ದಿನವೇ ವಾಯ್ಸ್‌ಮೀಟರ್ ಮೆನುವಿನಲ್ಲಿ ಸೇವ್ ಸೆಟ್ಟಿಂಗ್ಸ್ ಒತ್ತಿ ಒಂದು ಕಡತವಾಗಿ ಉಳಿಸಿ. ವಾಲ್ಯೂಮ್ ಮಿಕ್ಸರ್ ಪುಟದ ಮತ್ತು ಝೂಮ್ ಆಡಿಯೋ ಪುಟದ ಒಂದೊಂದು ಸ್ಕ್ರೀನ್‌ಶಾಟ್ ತೆಗೆದು ಅದರ ಜೊತೆಗಿಡಿ. ವಾಯ್ಸ್‌ಮೀಟರ್‌ನ ಕಡತದಲ್ಲಿ ಈ ಎರಡು ಪುಟಗಳ ಆಯ್ಕೆಗಳು ಸೇರುವುದಿಲ್ಲ. ವಿಂಡೋಸ್ ಅಪ್‌ಡೇಟ್ ಆದ ಮರುದಿನದ ಪಾಠಕ್ಕೆ ಹತ್ತು ನಿಮಿಷ ಮೊದಲೇ ಕೂತು ಆ ಚಿತ್ರಗಳ ಜೊತೆ ಹೋಲಿಸಿ ನೋಡಿ.